ಕಾಫಿಯಲ್ಲಿ ಶುರು, ಚಹಾದಲ್ಲಿ ಮುಕ್ತಾಯ: ಬೆಂಗಳೂರಿನ ಸಂಜೆ ತಿಂಡಿ ನಡಿಗೆಯ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ನಡಿಗೆಗೆ ಹೆಸರು ಕೊಡುವ ಮುನ್ನ ಜನ ಫೋನ್ ಮಾಡಿ ಕೇಳುವುದನ್ನೆಲ್ಲ ಇಲ್ಲಿ ಒಟ್ಟು ಮಾಡಿದ್ದೇನೆ. ಕೆಲವಕ್ಕೆ ಒಂದೇ ಸಾಲಿನ ಉತ್ತರ ಸಾಕು. ಕೆಲವು ಕಡೆ ಮಾತು ಉದ್ದವಾಗಿದೆ. ತಿಂಡಿಯ ವಿಷಯ ಎತ್ತಿದರೆ ನನಗೆ ಚಿಕ್ಕದಾಗಿ ಹೇಳಲು ಬರುವುದಿಲ್ಲ.

ಈ ನಡಿಗೆ ಎಲ್ಲಿಂದ ಎಲ್ಲಿಗೆ?

ಬಸವನಗುಡಿಯ ಗಾಂಧಿ ಬಜಾರಿನಲ್ಲಿ ಸಂಜೆ 4.30ಕ್ಕೆ ಸೇರುತ್ತೇವೆ. ಅಲ್ಲಿಂದ ನಡೆದು ವಿ.ವಿ. ಪುರಂನ ತಿಂಡಿ ಬೀದಿಗೆ. ಸುಮಾರು 7.15ಕ್ಕೆ ನ್ಯಾಷನಲ್ ಕಾಲೇಜು ನಿಲ್ದಾಣದಲ್ಲಿ ಮೆಟ್ರೊ ಹತ್ತಿ, ಮೆಜೆಸ್ಟಿಕ್‌ನಲ್ಲಿ ಬದಲಿಸಿ, ಎಂ.ಜಿ. ರಸ್ತೆಯಲ್ಲಿ ಇಳಿದು, ಆಟೋದಲ್ಲಿ ಫ್ರೇಜರ್ ಟೌನಿಗೆ. 9.30ರ ಹೊತ್ತಿಗೆ ಮುಗಿಯುತ್ತದೆ. ಐದು ಗಂಟೆ, ಮೂರು ಬಡಾವಣೆ, ಒಂದು ಹೊಟ್ಟೆ.

ಬೆಂಗಳೂರಿನಲ್ಲಿ ಇಷ್ಟೊಂದು ಬಡಾವಣೆಗಳಿರುವಾಗ ಈ ಮೂರೇ ಏಕೆ?

ಏಕೆಂದರೆ ಈ ಊರು ಬಹಳ ಕಾಲ ಎರಡು ಊರಾಗಿತ್ತು. ಕೆಂಪೇಗೌಡರು 1537ರಲ್ಲಿ ಕಟ್ಟಿಸಿದ ಪೇಟೆ ಒಂದು. ಬ್ರಿಟಿಷರು 1809ರಲ್ಲಿ ಶ್ರೀರಂಗಪಟ್ಟಣದಿಂದ ತಮ್ಮ ಸೇನೆಯನ್ನು ತಂದು ನೆಲೆಗೊಳಿಸಿದ ದಂಡು ಇನ್ನೊಂದು. ಎರಡಕ್ಕೂ ಬೇರೆ ಬೇರೆ ಆಡಳಿತ, ಬೇರೆ ಮಾರುಕಟ್ಟೆ, ಬೇರೆ ಮಾತು. ಪೇಟೆಯ ಕಡೆ ಕನ್ನಡ, ತೆಲುಗು. ದಂಡಿನ ಕಡೆ ತಮಿಳು, ದಖನಿ ಉರ್ದು, ಇಂಗ್ಲಿಷು. ನಡುವೆ ಕಬ್ಬನ್ ಪಾರ್ಕು. ಎರಡನ್ನೂ ಒಂದೇ ನಗರಸಭೆಯಡಿ ತಂದದ್ದು ಸ್ವಾತಂತ್ರ್ಯ ಬಂದ ಮೇಲೆ, 1949ರಲ್ಲಿ.

ಕಾಗದದ ಮೇಲೆ ಊರು ಒಂದಾಯಿತು, ನಾಲಿಗೆ ಇನ್ನೂ ಪೂರ್ತಿ ಒಂದಾಗಿಲ್ಲ. ಗಾಂಧಿ ಬಜಾರಿನಲ್ಲಿ ಸಂಜೆ ಯಾರಾದರೂ ಸಿಕ್ಕರೆ "ಬನ್ನಿ, ಕಾಫಿ ಕುಡಿಯೋಣ" ಎನ್ನುತ್ತಾರೆ. ಫ್ರೇಜರ್ ಟೌನಿನಲ್ಲಿ ಅದೇ ಮಾತು ಚಹಾ ಆಗುತ್ತದೆ. ಈ ಕಾಫಿ ಎಲ್ಲಿ ಮುಗಿದು ಚಹಾ ಎಲ್ಲಿ ಶುರುವಾಗುತ್ತದೆ ಎಂದು ಹುಡುಕುವುದೇ ನಮ್ಮ ನಡಿಗೆ. ಚಟ್ನಿಯನ್ನೂ ಗಮನಿಸಿ: ಮೊದಲ ನಿಲುಗಡೆಯಲ್ಲಿ ತೆಂಗಿನಕಾಯಿಯದು, ತೆಳ್ಳಗೆ ಹರಿಯುವಂಥದ್ದು, ಕೊನೆಯದರಲ್ಲಿ ಕಬಾಬಿನ ಜೊತೆ ಬರುವ ಪುದೀನ ಚಟ್ನಿ, ಹಸಿರು, ಹುಳಿ. ದಾರಿಯಲ್ಲಿ ನಾನು ಇತಿಹಾಸದ ಉಪನ್ಯಾಸ ಮಾಡುವುದಿಲ್ಲ. ಕೇಳಿದರೆ ಮಾತ್ರ ಹೇಳುತ್ತೇನೆ. ಕೇಳಿದ ಮೇಲೆ ನಿಲ್ಲಿಸಲು ನೀವೇ ಹೇಳಬೇಕು.

ಮೂರರ ಆಯ್ಕೆಯ ಹಿಂದೆ ಇನ್ನೊಂದು ಕಾರಣವೂ ಇದೆ. 1898ರಲ್ಲಿ ಬೆಂಗಳೂರಿಗೆ ಪ್ಲೇಗು ಬಂತು. ಪೇಟೆಯ ಇಕ್ಕಟ್ಟಿನಲ್ಲಿ ಜನ ಸತ್ತರು, ಉಳಿದವರಿಗೆ ಗಾಳಿ ಬೆಳಕಿನ ಹೊಸ ಬಡಾವಣೆ ಬೇಕಾಯಿತು. ಬಸವನಗುಡಿ, ಮಲ್ಲೇಶ್ವರಗಳು ಹಾಗೆ ಮೂಡಿದವು. ದಂಡಿನ ಕಡೆಯೂ ಅದೇ ಚಿಂತೆ. 20ನೆಯ ಶತಮಾನದ ಮೊದಲ ದಶಕದಲ್ಲಿ ರೆಸಿಡೆಂಟ್, ಅಂದರೆ ಮೈಸೂರು ಸಂಸ್ಥಾನದಲ್ಲಿ ಬ್ರಿಟಿಷರ ಪ್ರತಿನಿಧಿ, ಆಗಿದ್ದ ಸ್ಟುವರ್ಟ್ ಫ್ರೇಜರ್ ಹೆಸರಿನಲ್ಲಿ ಫ್ರೇಜರ್ ಟೌನ್ ಎದ್ದಿತು. ಈಗ ಅದರ ಅಧಿಕೃತ ಹೆಸರು ಪುಲಕೇಶಿನಗರ, ಆದರೆ ಆಟೋದವರಿಗೆ ಹಾಗೆಂದರೆ ಒಂದು ಕ್ಷಣ ಯೋಚಿಸುತ್ತಾರೆ. ಹೀಗೆ ಒಂದೇ ರೋಗಕ್ಕೆ ಹೆದರಿ ಹುಟ್ಟಿದ ಎರಡು ಬಡಾವಣೆಗಳ ಅಡುಗೆಮನೆಗಳಲ್ಲಿ ಇಷ್ಟು ಅಂತರ ಹೇಗೆ ಬಂತು ಎನ್ನುವುದು ತಿಂದೇ ತಿಳಿಯಬೇಕಾದ ವಿಷಯ.

ನಾನು ಹುಟ್ಟಿ ಬೆಳೆದದ್ದೇ ಬೆಂಗಳೂರಿನಲ್ಲಿ. ನನಗೆ ಇದರಲ್ಲಿ ಹೊಸದೇನಿದೆ?

ಈ ಪ್ರಶ್ನೆ ಕೇಳುವವರಿಗೆ ನಾನು ತಿರುಗಿ ಒಂದು ಪ್ರಶ್ನೆ ಕೇಳುತ್ತೇನೆ: ಜಯನಗರದವರೇ, ಫ್ರೇಜರ್ ಟೌನಿನಲ್ಲಿ ಕೊನೆಯ ಬಾರಿ ನಿಂತು ತಿಂದದ್ದು ಯಾವಾಗ? ಕಾಕ್ಸ್ ಟೌನಿನವರೇ, ತಿಂಡಿ ಬೀದಿಗೆ ಎಷ್ಟು ಸಲ ಹೋಗಿದ್ದೀರಿ? ನಡಿಗೆಗೆ ಬರುವವರಲ್ಲಿ ಹೊರ ಊರಿನವರಿಗಿಂತ ಈ ಊರಿನವರೇ ಹೆಚ್ಚು ಬೆರಗಾಗುತ್ತಾರೆ. ಹೊರಗಿನವರಿಗೆ ಎಲ್ಲವೂ ಹೊಸದು, ಆದ್ದರಿಂದ ಯಾವುದೂ ವಿಶೇಷವಲ್ಲ. ನಮ್ಮವರಿಗೆ ಅರ್ಧ ಗೊತ್ತಿರುತ್ತದೆ, ಇನ್ನರ್ಧ ಪಕ್ಕದಲ್ಲಿದ್ದೂ ಗೊತ್ತಿರುವುದಿಲ್ಲ.

ಮಲ್ಲೇಶ್ವರ, ಚಿಕ್ಕಪೇಟೆ, ಮಿಲಿಟರಿ ಹೋಟೆಲು ಏಕಿಲ್ಲ?

ಮಲ್ಲೇಶ್ವರದವರ ಕೋಪ ನನಗೆ ಅರ್ಥವಾಗುತ್ತದೆ. ಸಿ.ಟಿ.ಆರ್.ನ ಬೆಣ್ಣೆ ಮಸಾಲೆ ದೋಸೆ, 15ನೆಯ ಕ್ರಾಸಿನ ವೀಣಾ ಸ್ಟೋರ್ಸಿನ ಇಡ್ಲಿ ಬಿಟ್ಟು ತಿಂಡಿ ನಡಿಗೆ ಎನ್ನುವುದು ಅವರ ಪ್ರಕಾರ ಅಪಚಾರ. ಆದರೆ ಒಂದೇ ಸಂಜೆ ಬಸವನಗುಡಿ, ಮಲ್ಲೇಶ್ವರ ಎರಡನ್ನೂ ಹಾಕಿದರೆ ಎರಡು ದೋಸೆಯಲ್ಲೇ ಹೊಟ್ಟೆ ತುಂಬಿ ಮುಂದಕ್ಕೆ ಹೆಜ್ಜೆ ಏಳುವುದಿಲ್ಲ.

ಪೇಟೆಯ ಮಾತು ಬೇರೆ. ಅಕ್ಕಿಪೇಟೆ, ರಾಗಿಪೇಟೆ, ಅರಳೆಪೇಟೆ, ಬಳೇಪೇಟೆ ಎಂದು ಮಾರುವ ಸರಕಿನ ಹೆಸರನ್ನೇ ಇಟ್ಟುಕೊಂಡ ಬೀದಿಗಳಲ್ಲಿ ನಡೆಯಬೇಕಾದ್ದು ಬೆಳಿಗ್ಗೆ. ಸಂಜೆ ಅಲ್ಲಿ ಎಂಟು ಜನರನ್ನು ಒಟ್ಟಿಗೆ ಹಿಡಿದುಕೊಂಡು ಹೋಗುವುದು ಸಾಸಿವೆ ಚೆಲ್ಲಿ ಆರಿಸಿದಂತೆ.

ಮಿಲಿಟರಿ ಹೋಟೆಲಿನ ಗಮ್ಮತ್ತು ಬೆಳಗಿನ ತಿಂಡಿ ಮತ್ತು ಮಧ್ಯಾಹ್ನದ ಊಟದಲ್ಲಿದೆ. ದೊನ್ನೆಯಲ್ಲಿ ಬಿಸಿ ಬಿರಿಯಾನಿ, ಪಕ್ಕದಲ್ಲಿ ಕಾಲು ಸೂಪು ಬೇಕೆಂದರೆ ಹಗಲು ಹೊತ್ತಿನಲ್ಲಿ ಹೋಗಿ. ಸಂಜೆ ಹೋದರೆ ಹಲವು ಕಡೆ ಖಾಲಿ ಪಾತ್ರೆ ತೊಳೆಯುವ ಸದ್ದು ಮಾತ್ರ ಸಿಗುತ್ತದೆ.

ಮೊದಲ ನಿಲುಗಡೆಯಲ್ಲಿ ಏನು ತಿನ್ನುತ್ತೇವೆ?

ವಿದ್ಯಾರ್ಥಿ ಭವನದ ಮಸಾಲೆ ದೋಸೆ. 1943ರಲ್ಲಿ ಶುರುವಾದ ಹೋಟೆಲು. ಗೋಡೆಯ ಮೇಲೆ ಕನ್ನಡ ಸಾಹಿತಿಗಳ ಚಿತ್ರಗಳು, ಹಳೆಯ ಮರದ ಮೇಜುಗಳು, ಗುರುತಿಲ್ಲದವರ ಎದುರು ಕುಳಿತು ತಿನ್ನುವ ಪದ್ಧತಿ. ದೋಸೆಗೆ ಸಾಂಬಾರ್ ಕೇಳಬೇಡಿ. ಚಟ್ನಿ ಮಾತ್ರ, ಅದನ್ನೂ ಬಟ್ಟಲಿನಲ್ಲಿ ಕೊಡುವ ಬದಲು ಬಕೆಟ್ಟು ಹಿಡಿದು ಬಂದು ಸುರಿಯುತ್ತಾರೆ.

ಅಲ್ಲಿ ದೋಸೆಗಿಂತ ಮೊದಲು ನೋಡಬೇಕಾದದ್ದು ದೋಸೆ ಬರುವ ಬಗೆ. ಬಡಿಸುವವರು ಎಡಗೈಯನ್ನು ಮೊಣಕೈವರೆಗೆ ಮಡಚಿ ಅದರ ಮೇಲೆ ತಟ್ಟೆಗಳನ್ನು ಒಂದರ ಅಂಚಿಗೆ ಇನ್ನೊಂದು ತಾಗುವಂತೆ ಪೇರಿಸಿಕೊಂಡು, ಮೇಜುಗಳ ನಡುವಿನ ಗೇಣಗಲದ ದಾರಿಯಲ್ಲಿ ಬರುತ್ತಾರೆ. ಡಜನ್ನಿಗೂ ಮಿಕ್ಕಿ ದೋಸೆ, ಒಂದೂ ಅಲುಗುವುದಿಲ್ಲ. ಬಲಗೈಯಿಂದ ಮೇಲಿನ ತಟ್ಟೆ ತೆಗೆದು ನಿಮ್ಮ ಮುಂದಿಡುವಾಗ ಕಣ್ಣು ಮಾತ್ರ ಆಗಲೇ ಮುಂದಿನ ಮೇಜಿನ ಮೇಲಿರುತ್ತದೆ. ಆ ಹೊತ್ತಿಗೆ ದಾರಿಗೆ ಅಡ್ಡವಾಗಿ ಕಾಲು ಚಾಚಬೇಡಿ, ಇಷ್ಟೇ ನನ್ನ ಬೇಡಿಕೆ.

ದೋಸೆ ಹೊರಗೆ ಕಂದು ಬಣ್ಣಕ್ಕೆ ತಿರುಗಿ ಗರಿಗರಿ, ಒಳಗೆ ಮೆತ್ತಗೆ. ತುಪ್ಪ ಧಾರಾಳ. ಇಬ್ಬರಿಗೆ ಒಂದರಂತೆ ಹೇಳುತ್ತೇವೆ. "ಒಂದು ಪೂರ್ತಿ ನನಗೇ ಇರಲಿ" ಎನ್ನುವವರನ್ನು ತಡೆಯುವುದಿಲ್ಲ, ಆದರೆ ತಿಂಡಿ ಬೀದಿಯಲ್ಲಿ ಅವರ ಮುಖ ಸಪ್ಪಗಾಗುವುದನ್ನು ಬಹಳ ಸಲ ನೋಡಿದ್ದೇನೆ. ಕೊನೆಯಲ್ಲಿ ಬೈಟು ಕಾಫಿ. ಬೈಟು ಗೊತ್ತಿಲ್ಲದ ಹೊರ ಊರಿನವರಿಗೆ: ಒಂದು ಕಾಫಿಯನ್ನು ಎರಡು ಲೋಟಕ್ಕೆ ಹಂಚಿ ಕೊಡುವುದು. ಜಿಪುಣತನ ಎಂದುಕೊಳ್ಳಬೇಡಿ, ಅರ್ಧ ಕಾಫಿಗೆ ಇನ್ನೊಬ್ಬರ ಜೊತೆ ಬೇಕಾಗುತ್ತದೆ, ಮಾತಿಗೆ ಅದೇ ನೆಪ.

ಶುಕ್ರವಾರ ನಡಿಗೆ ಇದೆಯೇ?

ಇದೆ, ಆದರೆ ಮೊದಲ ನಿಲುಗಡೆ ಬದಲಾಗುತ್ತದೆ. ವಿದ್ಯಾರ್ಥಿ ಭವನಕ್ಕೆ ಶುಕ್ರವಾರ ರಜೆ. ಆ ದಿನ ಶಂಕರಪುರಂನ ಬ್ರಾಹ್ಮಿನ್ಸ್ ಕಾಫಿ ಬಾರ್‌ಗೆ ಹೋಗುತ್ತೇವೆ. 1965ರಿಂದ ಇರುವ ಪುಟ್ಟ ಜಾಗ. ಇಡ್ಲಿ, ವಡೆ, ಖಾರಾಬಾತು, ಕೇಸರಿಬಾತು, ಕಾಫಿ, ಟೀ. ಪಟ್ಟಿ ಬಹುತೇಕ ಅಷ್ಟಕ್ಕೇ ಮುಗಿಯಿತು. ದೋಸೆಯೂ ಇಲ್ಲ, ಸಾಂಬಾರೂ ಇಲ್ಲ. ತಟ್ಟೆ ಹಿಡಿದು ಫುಟ್‌ಪಾತಿನ ಅಂಚಿನಲ್ಲಿ ನಿಂತು ತಿನ್ನಬೇಕು. ಚಟ್ನಿ ಮುಗಿದಷ್ಟೂ ಹೋಗಿ ಹಾಕಿಸಿಕೊಳ್ಳಬಹುದು, ಜನ ಅದಕ್ಕಾಗಿಯೇ ಬರುತ್ತಾರೆ. ನನ್ನನ್ನು ಕೇಳಿದರೆ, ಶುಕ್ರವಾರದ ನಡಿಗೆಯೇ ಒಂದು ತೂಕ ಹೆಚ್ಚು. ಹೊಟ್ಟೆ ಹಗುರವಾಗಿ ಮುಂದಕ್ಕೆ ಹೋಗಬಹುದು.

ಸರತಿಯಲ್ಲಿ ಎಷ್ಟು ಹೊತ್ತು ನಿಲ್ಲಬೇಕು?

ವಾರದ ದಿನಗಳಲ್ಲಿ ಕಾಲು ಗಂಟೆ, ಭಾನುವಾರ ಮುಕ್ಕಾಲು ಗಂಟೆ ಹಿಡಿದುಕೊಳ್ಳಿ. ಮಾರ್ಗದರ್ಶಿ ಜೊತೆಗಿದ್ದರೆ ಸರತಿ ತಪ್ಪಿಸಿ ಒಳಗೆ ಬಿಡುತ್ತಾರೆ ಎಂಬ ಭ್ರಮೆ ಬೇಡ. ನಾನೂ ಹೆಸರು ಬರೆಸಿ ಹೊರಗೆ ನಿಲ್ಲುವವನೇ. ಕಾಯುವ ಹೊತ್ತಿನಲ್ಲಿ ಗಾಂಧಿ ಬಜಾರು ನೋಡಿ: ಮಾರು ಲೆಕ್ಕದಲ್ಲಿ ಹೂವು ಅಳೆಯುವವರು, ಗ್ರಂಥಿಗೆ ಅಂಗಡಿ, ಕಾಫಿ ಪುಡಿಯ ಅಂಗಡಿಯಿಂದ ಬರುವ ಹುರಿದ ಬೀಜದ ವಾಸನೆ.

ತಿಂಡಿ ಬೀದಿಯಲ್ಲಿ ಏನೇನು ಇದೆ? ಎಲ್ಲವನ್ನೂ ತಿನ್ನಿಸುತ್ತೀರಾ?

ಎಲ್ಲವನ್ನೂ ತಿನ್ನಿಸಿದರೆ ಮುಂದಿನ ನಿಲುಗಡೆ ಆಸ್ಪತ್ರೆ. ಸಜ್ಜನ್ ರಾವ್ ವೃತ್ತದ ಪಕ್ಕದ ಈ ಬೀದಿ ಕೆಲವು ನೂರು ಹೆಜ್ಜೆಗೆ ಮುಗಿಯುತ್ತದೆ. ಪೂರ್ತಿ ಸಸ್ಯಾಹಾರ. ಸಂಜೆ ದೀಪ ಹತ್ತುವ ಹೊತ್ತಿಗೆ ಕಾವಲಿಗಳು ಬೀದಿಗೆ ಬರುತ್ತವೆ. ಅಕ್ಕಿ ರೊಟ್ಟಿ, ರಾಗಿ ರೊಟ್ಟಿ, ಪಡ್ಡು, ಹತ್ತಾರು ಹೆಸರಿನ ದೋಸೆ, ಹೀರೆಕಾಯಿಯಿಂದ ಹಿಡಿದು ದೊಣ್ಣೆ ಮೆಣಸಿನಕಾಯಿವರೆಗೆ ಬಜ್ಜಿ, ಬೇಳೆ ಹೋಳಿಗೆ, ಕಾಯಿ ಹೋಳಿಗೆ, ಹಣ್ಣಿನ ಮೇಲೆ ಬೆಣ್ಣೆ ಗುಲ್ಕನ್. ಈಚೆಗೆ ಕೋಲಿಗೆ ಸುರುಳಿ ಸುತ್ತಿದ ಆಲೂಗಡ್ಡೆ, ಚೀಸ್ ಸುರಿದ ಏನೇನೋ ಬಂದಿವೆ. ಮಕ್ಕಳು ಅದಕ್ಕೇ ಓಡುತ್ತಾರೆ. ಅವುಗಳ ಬಗ್ಗೆ ನನಗೆ ಅಭಿಪ್ರಾಯವಿದೆ, ಇಲ್ಲಿ ಬೇಡ.

ನಾವು ನಾಲ್ಕನ್ನು ಹಂಚಿಕೊಂಡು ತಿನ್ನುತ್ತೇವೆ. ಮೊದಲನೆಯದು ವಿ.ಬಿ. ಬೇಕರಿಯ ಕಾಂಗ್ರೆಸ್ ಬನ್ನು: ಬನ್ನನ್ನು ಸೀಳಿ, ಬೆಣ್ಣೆ ಸವರಿ, ಒಳಗೆ ಖಾರದ ಕಾಂಗ್ರೆಸ್ ಕಡಲೆಕಾಯಿ. ಹುರಿದು ಸಿಪ್ಪೆ ತೆಗೆದು ಎರಡು ಹೋಳಾದ ಕಡಲೆಬೀಜಕ್ಕೆ ಕಾಂಗ್ರೆಸ್ ಎಂಬ ಹೆಸರು ಹೇಗೆ ಬಂತು ಎಂಬುದಕ್ಕೆ ಪಕ್ಷ ಇಬ್ಭಾಗವಾದ ಕಥೆಯನ್ನು ಎಲ್ಲರೂ ಹೇಳುತ್ತಾರೆ. ನಾನೂ ಹೇಳುತ್ತೇನೆ, ನಂಬುವುದು ನಿಮಗೆ ಬಿಟ್ಟದ್ದು.

ಎರಡನೆಯದು ಮಸಾಲೆ ಪುರಿ. ಮುಂಬೈಯಿಂದ ಬಂದವರು ಇದನ್ನು ಚಾಟ್ ಎಂದು ತಿಳಿದು ಸಿಹಿ ಚಟ್ನಿ ಹುಡುಕುತ್ತಾರೆ. ಇದರ ಜೀವ ಇರುವುದು ಬಟಾಣಿಯ ಬಿಸಿ ಮಸಾಲೆಯಲ್ಲಿ. ದೊಡ್ಡ ಪಾತ್ರೆಯಲ್ಲಿ ಸದಾ ಕುದಿಯುತ್ತಿರುವ, ಲವಂಗ ಚಕ್ಕೆಯ ಘಾಟು ಮೂಗಿಗೆ ಹೊಡೆಯುವ ಗಟ್ಟಿ ರಸ. ಅಂಗಡಿಯವರು ಪುರಿಗಳನ್ನು ತಟ್ಟೆಯಲ್ಲೇ ಅಂಗೈಯಿಂದ ಒಮ್ಮೆ ಒತ್ತಿ ಮುರಿದು, ಸೌಟಿನಲ್ಲಿ ರಸ ಹುಯ್ದು, ಈರುಳ್ಳಿ, ತುರಿದ ಕ್ಯಾರೆಟ್, ಕೊತ್ತಂಬರಿ ಉದುರಿಸಿ, ಕೊನೆಗೆ ಸೇವು. ಕೈಗೆ ಬಂದ ಮೇಲೆ ಒಂದು ನಿಮಿಷಕ್ಕೆ ಮುಂಚೆ ತಿಂದರೆ ಪುರಿ ಕರುಮುರು, ಎರಡು ನಿಮಿಷಕ್ಕೆ ನೆನೆದು ಮೆತ್ತಗೆ. ಎರಡಕ್ಕೂ ಪಕ್ಷ ಕಟ್ಟುವವರಿದ್ದಾರೆ.

ಮೂರನೆಯದು ಹೆಂಚಿನಿಂದ ನೇರ ಕೈಗೆ ಬರುವ ಕಾಯಿ ಹೋಳಿಗೆ, ಮೇಲೆ ತುಪ್ಪ. ನಾಲ್ಕನೆಯದನ್ನು ಗುಂಪು ಆರಿಸುತ್ತದೆ. ಇದುವರೆಗೆ ಬಹುಪಾಲು ಸಲ ಗೆದ್ದದ್ದು ಮೆಣಸಿನಕಾಯಿ ಬಜ್ಜಿ.

ಅವರೆ ಕಾಲದಲ್ಲಿ ಬಂದರೆ ವಿಶೇಷವಿದೆಯೇ?

ಬಂದರೆ ಆಗಲೇ ಬನ್ನಿ. ಡಿಸೆಂಬರ್, ಜನವರಿಯಲ್ಲಿ ಮಾಗಡಿ, ಹೊಸಕೋಟೆ, ಚಿಂತಾಮಣಿ ಕಡೆಯಿಂದ ಅವರೆಕಾಯಿ ಊರಿಗೆ ನುಗ್ಗುತ್ತದೆ. ಮಂಜು ಬಿದ್ದ ಹೊಲದ ಕಾಯಿಯನ್ನು ಬಿಡಿಸಿದರೆ ಕೈಗೆ ಅಂಟುವ ಆ ಘಮಕ್ಕೆ ಸೊಗಡು ಎನ್ನುತ್ತೇವೆ. ಸೋಪು ಹಾಕಿ ತೊಳೆದರೂ ರಾತ್ರಿಯವರೆಗೆ ಹೋಗುವುದಿಲ್ಲ, ಹೋಗಲಿ ಎಂದು ಯಾರೂ ಬಯಸುವುದೂ ಇಲ್ಲ. ನೆನೆಸಿದ ಕಾಳನ್ನು ಹೆಬ್ಬೆರಳು ತೋರುಬೆರಳ ನಡುವೆ ಹಿಡಿದು ಒತ್ತಿದರೆ ಸಿಪ್ಪೆ ಕೈಯಲ್ಲಿ ಉಳಿದು ಬೇಳೆ ಟಪಕ್ಕನೆ ಹಾರಿ ಪಾತ್ರೆಗೆ ಬೀಳುತ್ತದೆ. ಹಿತಕಿದ ಬೇಳೆ ಎಂದರೆ ಇದೇ. ಒಂದು ಪಾವಿಗೆ ಅರ್ಧ ಸಂಜೆ ಬೇಕು. ಬೆಂಗಳೂರಿನ ಮನೆಗಳಲ್ಲಿ ಟಿ.ವಿ. ಮುಂದೆ ಕುಳಿತು ಅಜ್ಜಿ, ಅತ್ತೆ, ಸೊಸೆ ಎಲ್ಲರೂ ಕೈ ಹಾಕುತ್ತಿದ್ದ ಕೆಲಸ, ಈಗ ಪ್ಯಾಕೆಟ್ಟಿನಲ್ಲಿ ಬರುತ್ತದೆ.

ತಿಂಡಿ ಬೀದಿಯಲ್ಲಿ ಆ ದಿನಗಳಲ್ಲಿ ಅವರೆಬೇಳೆ ದೋಸೆ, ಉಪ್ಪಿಟ್ಟು, ಕರಿದ ಅವರೆಬೇಳೆ, ಕಡೆಗೆ ಅವರೆಬೇಳೆ ಜಿಲೇಬಿಯವರೆಗೂ ಸಿಗುತ್ತದೆ. ಬಹಳ ವರ್ಷ ಇದೇ ಬೀದಿಯಲ್ಲಿ ನಡೆಯುತ್ತಿದ್ದ ಅವರೆಬೇಳೆ ಮೇಳ ಈಚಿನ ವರ್ಷಗಳಲ್ಲಿ ನ್ಯಾಷನಲ್ ಕಾಲೇಜು ಮೈದಾನದಲ್ಲಿ ನಡೆದಿದೆ. ನಮ್ಮ ದಾರಿಯಲ್ಲೇ ಬೀಳುತ್ತದೆ. ಜಿಲೇಬಿಯನ್ನು ನಾನು ಒಮ್ಮೆ ತಿಂದಿದ್ದೇನೆ, ಒಮ್ಮೆ ಸಾಕು. ಅದಕ್ಕೂ ಮುಂಚೆ ಕಾರ್ತಿಕದ ಕೊನೆಯ ಸೋಮವಾರ ಬಸವನಗುಡಿಯಲ್ಲಿ ಕಡಲೆಕಾಯಿ ಪರಿಷೆ. ಆ ದಿನಗಳಲ್ಲಿ ನಡಿಗೆ ಇಟ್ಟುಕೊಳ್ಳುವುದಿಲ್ಲ, ನೀವೇ ಹೋಗಿ ಜನರ ನಡುವೆ ಕಳೆದುಹೋಗಿ.

ವ್ಯಾನ್ ಮಾಡಿಸಬಹುದಿತ್ತಲ್ಲ, ಮೆಟ್ರೊ ಏಕೆ?

ಸಂಜೆ ಏಳೂಕಾಲಕ್ಕೆ ವಿ.ವಿ. ಪುರಂನಿಂದ ಫ್ರೇಜರ್ ಟೌನಿಗೆ ವ್ಯಾನಿನಲ್ಲಿ ಹೋಗುವ ಧೈರ್ಯವಿದ್ದವರು ನನಗೆ ಸಿಕ್ಕಿಲ್ಲ. ಅದಲ್ಲದೆ ಮೆಟ್ರೊದ ಈ ತುಂಡೇ ನಡಿಗೆಯ ಹೃದಯ. ಹಸಿರು ಮಾರ್ಗದಲ್ಲಿ ಕೆ.ಆರ್. ಮಾರುಕಟ್ಟೆ, ಚಿಕ್ಕಪೇಟೆ ನಿಲ್ದಾಣಗಳು ನೆಲದ ಕೆಳಗಿವೆ. ನಾನು ಬಿಟ್ಟೆ ಎಂದು ನೀವು ಬೈದ ಪೇಟೆಯ ಅಡಿಯಲ್ಲೇ ಹಾದುಹೋಗುತ್ತೀರಿ. ಮೆಜೆಸ್ಟಿಕ್‌ನಲ್ಲಿ ನೇರಳೆ ಮಾರ್ಗಕ್ಕೆ ಬದಲಾಯಿಸಿದ ಮೇಲೆ ನಾಲ್ಕನೆಯ ನಿಲ್ದಾಣ ಎಂ.ಜಿ. ರಸ್ತೆ. ಅದರ ಹಿಂದಿನದು ಕಬ್ಬನ್ ಪಾರ್ಕು. ಒಂದು ಕಾಲಕ್ಕೆ ಎರಡು ಊರುಗಳ ನಡುವೆ ಹಬ್ಬಿದ್ದ ಆ ಹಸಿರನ್ನು ದಾಟಲು ಈಗ ಹಿಡಿಯುವುದು ಒಂದು ಆಕಳಿಕೆಯ ಹೊತ್ತು. ಅಲ್ಲಿಗೆ ಬಂದಾಗ ನಾನು ಒಂದೇ ಮಾತು ಹೇಳುತ್ತೇನೆ: "ಕಾಫಿ ಮುಗಿಯಿತು."

ರೈಲಿನಲ್ಲಿ ತಿನ್ನುವಂತಿಲ್ಲ. ಅರ್ಧ ತಿಂದ ಬನ್ನನ್ನು ಚೀಲಕ್ಕೆ ಹಾಕಿಕೊಳ್ಳಿ.

ನಾನು ಸಸ್ಯಾಹಾರಿ. ಫ್ರೇಜರ್ ಟೌನಿನಲ್ಲಿ ಬರಿಗೈಯಲ್ಲಿ ನಿಲ್ಲಬೇಕೇ?

ಇಲ್ಲ. ಜನ ಮಾಸ್ಕ್ ರಸ್ತೆ ಎಂದು ಕರೆಯುವ ಮಸೀದಿ ರಸ್ತೆಯಲ್ಲಿ ಆಲ್ಬರ್ಟ್ ಬೇಕರಿ ಇದೆ, 1902ರಿಂದ. ಅದು ಬೆಳಿಗ್ಗೆ ತೆರೆಯುವುದಿಲ್ಲ, ಮಧ್ಯಾಹ್ನದ ಮೇಲೆ ಬಾಗಿಲು ತೆಗೆಯುತ್ತದೆ. ಅಲ್ಲಿನ ಖೋವಾ ನಾನ್ ನಮ್ಮ ಹೋಳಿಗೆಯ ದೂರದ ದಾಯಾದಿ: ಹೊರಗೆ ಪದರು, ಒಳಗೆ ಸಿಹಿ ಖೋವಾ. ಒಂದು ಗಂಟೆಯ ಹಿಂದೆ ತಿಂದ ಕಾಯಿ ಹೋಳಿಗೆಯ ರುಚಿ ಬಾಯಲ್ಲಿರುವಾಗಲೇ ಇದನ್ನು ತಿಂದು ನೋಡಿ. ಹೂರಣವನ್ನು ಹಿಟ್ಟಿನೊಳಗೆ ಮುಚ್ಚಿಡುವ ಆಸೆ ಎರಡೂ ಕಡೆ ಒಂದೇ. ಒಬ್ಬರು ಹೆಂಚಿಗೆ ಹಾಕಿದರು, ಇನ್ನೊಬ್ಬರು ಒಲೆಯ ಗೂಡಿಗೆ ತಳ್ಳಿದರು. ಮೊಟ್ಟೆಯನ್ನೂ ತಿನ್ನದವರು ಮೊದಲೇ ತಿಳಿಸಿ, ಯಾವುದರಲ್ಲಿ ಇದೆ ಇಲ್ಲ ಎಂದು ಅಲ್ಲೇ ಕೇಳಿ ಹೇಳುತ್ತೇನೆ.

ಮಾಂಸ ತಿನ್ನುವವರಿಗೆ ಅದೇ ಬೇಕರಿಯ ಪಫ್‌ಗಳು; ಮಿದುಳಿನ ಪಫ್ ಹೆಸರುವಾಸಿ. ಆಮೇಲೆ ರಸ್ತೆಯಲ್ಲಿ ಸೀಕ್ ಕಬಾಬು. ಕೊಚ್ಚಿದ ಮಾಂಸವನ್ನು ಒದ್ದೆ ಕೈಯಿಂದ ಕಂಬಿಗೆ ಒತ್ತುತ್ತ ಹೋದಂತೆ ಬೆರಳಿನ ಗುರುತುಗಳು ಸಾಲಾಗಿ ಮೂಡುತ್ತವೆ, ಕೆಂಡದ ಮೇಲೆ ಕೊಬ್ಬು ತೊಟ್ಟಿಕ್ಕಿ ಚುರ್ ಎಂದಾಗ ಹೊಗೆ ಏಳುತ್ತದೆ, ಬೀಸಣಿಗೆಯ ಕೈ ನಿಲ್ಲುವುದಿಲ್ಲ. ಸಸ್ಯಾಹಾರಿಗಳಿಗೆ ಈ ಹೊಗೆ ಆಗದಿದ್ದರೆ ಆ ಹತ್ತು ನಿಮಿಷ ಸ್ವಲ್ಪ ದೂರದ ಚಹಾ ಅಂಗಡಿಯಲ್ಲಿ ಕುಳಿತಿರಬಹುದು. ಕಡೆಗೆ ಎಲ್ಲರೂ ಸೇರುವುದು ಅಲ್ಲೇ, ಸುಲೈಮಾನಿ ಚಹಾಕ್ಕೆ: ಹಾಲಿಲ್ಲ, ನಿಂಬೆರಸ, ಗಾಜಿನ ಲೋಟ. ಇಷ್ಟು ತುಪ್ಪದ ಮೇಲೆ ನಿಮಗೆ ಬೇಕಾಗುವುದೂ ಅದೇ.

ಯಾವ ಮಾಂಸ?

ನಡಿಗೆಯಲ್ಲಿ ಕೊಡಿಸುವುದು ಕೋಳಿ ಮತ್ತು ಕುರಿ ಮಾತ್ರ. ಈ ಭಾಗದ ಕೆಲವು ಅಂಗಡಿಗಳಲ್ಲಿ ಬೇರೆ ಮಾಂಸವೂ ಇರುತ್ತದೆ. ನಾವು ಹೇಳಿದ್ದನ್ನು ಬಿಟ್ಟು ನೀವಾಗಿಯೇ ಏನಾದರೂ ತೆಗೆದುಕೊಳ್ಳುವಾಗ ಕೇಳಿ ತೆಗೆದುಕೊಳ್ಳಿ. ಕೇಳಿದರೆ ಯಾರೂ ಬೇಸರ ಮಾಡಿಕೊಳ್ಳುವುದಿಲ್ಲ. ತಿಂದ ಮೇಲೆ ಮುಖ ಕಿವುಚಿದರೆ ಮಾಡಿಕೊಳ್ಳುತ್ತಾರೆ.

ಈರುಳ್ಳಿ, ಬೆಳ್ಳುಳ್ಳಿ ತಿನ್ನುವುದಿಲ್ಲ. ಕಡಲೆಕಾಯಿ ಅಲರ್ಜಿ ಇದೆ. ಸಕ್ಕರೆ ಕಾಯಿಲೆ ಇದೆ.

ಮೊದಲನೆಯದಕ್ಕೆ ದಾರಿ ಇದೆ, ಆಯ್ಕೆ ಕಡಿಮೆಯಾಗುತ್ತದೆ. ಕಡಲೆಕಾಯಿ ಅಲರ್ಜಿ ಇದ್ದವರು ದಯವಿಟ್ಟು ಬರಬೇಡಿ. ಬಸವನಗುಡಿ, ವಿ.ವಿ. ಪುರಂ ಎಂದರೆ ಕಡಲೆಕಾಯಿಯ ಸೀಮೆ. ಎಣ್ಣೆಯಲ್ಲಿ, ಚಟ್ನಿಯಲ್ಲಿ, ಪಕ್ಕದವರ ಕೈಯಲ್ಲಿ, ಎಲ್ಲೆಡೆ ಅದೇ. ನಿಮ್ಮ ಜೀವದ ಹೊಣೆ ಹೊರುವಷ್ಟು ಧೈರ್ಯ ನನಗಿಲ್ಲ. ಸಕ್ಕರೆ ಕಾಯಿಲೆಯವರು ಬರಬಹುದು, ಸಿಹಿ ಬಿಡಬಹುದು. "ಇವತ್ತೊಂದು ದಿನ" ಎಂದು ನನ್ನ ಕಡೆ ನೋಡಿದರೆ ನಾನು ಬೇರೆ ಕಡೆ ನೋಡುತ್ತೇನೆ.

ಬೀದಿ ಬದಿಯ ತಿಂಡಿ. ಹೊಟ್ಟೆ ಕೆಟ್ಟರೆ?

ನನ್ನ ನಿಯಮ ಸರಳ: ಕಣ್ಣೆದುರು ಬೆಂದದ್ದು, ಕೈ ಸುಡುವಷ್ಟು ಬಿಸಿ ಇರುವುದು, ಜನ ಮುತ್ತಿ ಬೇಗ ಖರ್ಚಾಗುವುದು. ಹೆಚ್ಚಿಟ್ಟ ಹಣ್ಣು, ಐಸ್ ಹಾಕಿದ ಪಾನೀಯ, ಪಾನಿಪುರಿಯ ನೀರು ಈ ನಡಿಗೆಯಲ್ಲಿಲ್ಲ. ಬೆಣ್ಣೆ ಗುಲ್ಕನ್ ಬೇಕೆಂದು ಹಟ ಹಿಡಿಯುವವರು ಸ್ವಂತ ಜವಾಬ್ದಾರಿಯ ಮೇಲೆ ತಿನ್ನಬಹುದು. ಕುಡಿಯುವ ನೀರನ್ನು ಮನೆಯಿಂದ ತನ್ನಿ. ಹೊಟ್ಟೆ ಕೆಡುವುದಕ್ಕೆ ಹೆಚ್ಚಿನ ಸಲ ಕಾರಣ ಕೊಳಕಲ್ಲ, ಅಳತೆ ತಪ್ಪಿದ್ದು. ಮಧ್ಯಾಹ್ನ ಮದುವೆ ಊಟ ಮುಗಿಸಿ ನೇರವಾಗಿ ನಡಿಗೆಗೆ ಬಂದವರೊಬ್ಬರು ಮೆಜೆಸ್ಟಿಕ್‌ನ ಬೆಂಚಿನಲ್ಲಿ ಕುಳಿತವರು ಏಳಲೇ ಇಲ್ಲ. ನಡಿಗೆಯ ದಿನ ಮಧ್ಯಾಹ್ನ ಮಜ್ಜಿಗೆ ಅನ್ನ ಸಾಕು.

ಎಷ್ಟು ನಡೆಯಬೇಕು? ವಯಸ್ಸಾದವರು, ಮಕ್ಕಳು ಬರಬಹುದೇ?

ಎಲ್ಲ ಸೇರಿ ನಾಲ್ಕು ಕಿಲೋಮೀಟರ್ ಒಳಗೆ. ದೂರಕ್ಕಿಂತ ಫುಟ್‌ಪಾತೇ ಕಷ್ಟ: ಎತ್ತರ ತಗ್ಗಿನ ಕಲ್ಲು, ಅಡ್ಡ ನಿಂತ ಬೈಕು. ಮಂಡಿ ನೋವಿದ್ದವರು ಹೇಳಿದರೆ ಮೊದಲೆರಡು ಜಾಗಗಳ ನಡುವೆ ಆಟೋ ಮಾಡಿಸುತ್ತೇನೆ. ಎಂಟು ವರ್ಷ ದಾಟಿದ ಮಕ್ಕಳು ಸರಿ. ತಳ್ಳುಗಾಡಿಯಲ್ಲಿ ಕೂರುವ ಕೂಸು ಬೇಡ, ಆ ಜನದಲ್ಲಿ ಕೂಸಿಗೂ ಸುಖವಿಲ್ಲ, ನಿಮಗೂ ಇಲ್ಲ.

ಒಬ್ಬಳೇ ಬರಬಹುದೇ?

ಬರಬಹುದು, ಬಹಳ ಮಂದಿ ಬರುತ್ತಾರೆ. ನಡಿಗೆ ಮುಗಿದ ಮೇಲೆ ಎಲ್ಲರೂ ಆಟೋ ಅಥವಾ ಕ್ಯಾಬ್ ಹತ್ತುವವರೆಗೆ ನಾನು ಅಲ್ಲೇ ಇರುತ್ತೇನೆ.

ಶೌಚಾಲಯ?

ಮೊದಲ ಹೋಟೆಲು ಮತ್ತು ಮೆಟ್ರೊ ನಿಲ್ದಾಣ. ನಡುವೆ ಭರವಸೆ ಕೊಡಲಾರೆ.

ಮಳೆ ಬಂದರೆ?

ಕೊಡೆ ಹಿಡಿದು ಹೋಗುತ್ತೇವೆ. ಮಳೆಯಲ್ಲಿ ಬಜ್ಜಿ ತಿನ್ನುವ ಅವಕಾಶಕ್ಕೆ ನಡಿಗೆ ರದ್ದು ಮಾಡಿ ಎಂದವರನ್ನು ನಾನು ಕಂಡಿಲ್ಲ. ರಸ್ತೆಯಲ್ಲಿ ಹೊಳೆ ಹರಿಯುವಷ್ಟಾದರೆ ಮಾತ್ರ ಬೇರೆ ದಿನಕ್ಕೆ ಹಾಕುತ್ತೇನೆ.

ರಂಜಾನ್ ತಿಂಗಳಲ್ಲಿ ನಡಿಗೆ ಇರುತ್ತದೆಯೇ?

ಇರುತ್ತದೆ, ಹೆಸರು ಕೊಡುವವರೂ ಆಗ ಹೆಚ್ಚು. ಹಲೀಮು, ಸಮೋಸ, ಹಬೆಯಾಡುವ ಬಿರಿಯಾನಿಯ ಹಂಡೆಗಳು. ನಾವು ಫ್ರೇಜರ್ ಟೌನಿಗೆ ತಲುಪುವ ಹೊತ್ತಿಗೆ ಇಫ್ತಾರ್ ಮುಗಿದಿರುತ್ತದೆ, ಆದ್ದರಿಂದ ಉಪವಾಸ ಇರುವವರ ಎದುರು ತಿನ್ನುವ ಮುಜುಗರವಿಲ್ಲ. ನಮಾಜಿಗೆ ಹೋಗುವವರಿಗೆ ದಾರಿ ಬಿಡಿ, ಮಸೀದಿಯ ಬಾಗಿಲಲ್ಲಿ ನಿಂತು ಸೆಲ್ಫಿ ಬೇಡ. ಆ ಬೀದಿಯಲ್ಲಿ ಜನ ವಾಸವೂ ಮಾಡುತ್ತಾರೆ; ತಟ್ಟೆ, ಲೋಟ ಅವರ ಗೇಟಿನ ಮುಂದೆ ಬಿಡುವುದು ಬೇಡ.

ಫೋಟೊ ತೆಗೆಯಬಹುದೇ?

ತಿಂಡಿಯದು ಎಷ್ಟು ಬೇಕಾದರೂ. ಮನುಷ್ಯರದು ಕೇಳಿ. ಕಾವಲಿಯ ಮುಂದೆ ಬೆವರು ಸುರಿಸುತ್ತ ನಿಂತವರ ಮುಖಕ್ಕೆ ಬೆಳಕು ಹೊಡೆದು "ಸ್ವಲ್ಪ ನಗಿ" ಎನ್ನುವವರ ಜೊತೆ ನಾನು ಜಗಳವಾಡಿದ್ದೇನೆ.

ಕನ್ನಡ ಬಾರದ ಸ್ನೇಹಿತರನ್ನು ಕರೆತರಬಹುದೇ?

ಧಾರಾಳವಾಗಿ. ಇಂಗ್ಲಿಷಿನಲ್ಲೂ ವಿವರಿಸುತ್ತೇನೆ. ಒಂದೇ ಷರತ್ತು: "ಚಟ್ನಿ ಇನ್ನೂ ಸ್ವಲ್ಪ ಹಾಕಿ" ಎಂಬ ವಾಕ್ಯವನ್ನು ಅವರು ಮೊದಲ ನಿಲುಗಡೆಯಲ್ಲೇ ಕಲಿಯಬೇಕು.

ಗುಂಪಿನಲ್ಲಿ ಎಷ್ಟು ಜನ? ಕಚೇರಿಯವರು ಇಪ್ಪತ್ತು ಮಂದಿ ಇದ್ದೇವೆ.

ಎಂಟು, ಅದಕ್ಕಿಂತ ಒಬ್ಬರೂ ಹೆಚ್ಚಿಲ್ಲ. ಮೊದಮೊದಲು ಆಸೆಬಿದ್ದು ಹದಿನಾಲ್ಕು ಜನರನ್ನು ಕರೆದೊಯ್ದಿದ್ದೆ. ಒಂದು ಸಣ್ಣ ಅಂಗಡಿಯ ಮುಂದೆ ನಾವು ಗೋಡೆಯಂತೆ ನಿಂತು, ನಾನು ಕೈ ಬೀಸಿ ಭಾಷಣ ಮಾಡುತ್ತಿದ್ದಾಗ, ದಿನವೂ ಬರುವ ಹಿರಿಯರೊಬ್ಬರು ಖಾಲಿ ಡಬ್ಬಿ ಹಿಡಿದು ಹಿಂದೆ ಕಾಯುತ್ತಿದ್ದರು. ಕೊನೆಗೆ ಅವರು, "ನಿಮ್ಮ ಪಾಠ ಮುಗಿದರೆ ನಾನು ನಾಲ್ಕು ಇಡ್ಲಿ ತೆಗೆದುಕೊಂಡು ಹೋಗುತ್ತೇನೆ ಸ್ವಾಮಿ" ಎಂದರು. ಅಂದಿನಿಂದ ಎಂಟು. ಇಪ್ಪತ್ತು ಜನರಿದ್ದರೆ ಮೂರು ಸಂಜೆ ಹಂಚಿಕೊಂಡು ಬನ್ನಿ.

ಶುಲ್ಕದಲ್ಲಿ ಏನು ಸೇರಿದೆ? ಅಂಗಡಿಗಳಿಂದ ನಿಮಗೆ ಕಮಿಷನ್ ಇದೆಯೇ?

ನಾವು ಹೇಳಿದ ಎಲ್ಲ ತಿಂಡಿ, ಕಾಫಿ, ಚಹಾ, ಮೆಟ್ರೊ, ಆಟೋ ಸೇರಿದೆ. ನೀವು ಪ್ರತ್ಯೇಕವಾಗಿ ಕೊಂಡದ್ದು ಸೇರಿಲ್ಲ. ಕಮಿಷನ್ ಇಲ್ಲ, ನಾನು ಬರುವುದು ಬಹುತೇಕ ಅಂಗಡಿಯವರಿಗೆ ಗೊತ್ತೂ ಇಲ್ಲ, ಗೊತ್ತಿರುವವರು ನನ್ನಿಂದ ಗದ್ದಲ ಹೆಚ್ಚಾಯಿತು ಎನ್ನುತ್ತಾರೆ. ಸಣ್ಣ ನೋಟುಗಳು ಜೊತೆಗಿರಲಿ. ಯು.ಪಿ.ಐ. ಎಲ್ಲ ಕಡೆ ನಡೆಯುತ್ತದೆ, ಆದರೆ ತಿಂಡಿ ಬೀದಿಯ ಜನಜಂಗುಳಿಯಲ್ಲಿ ನೆಟ್‌ವರ್ಕ್ ಕೈಕೊಡುವುದು ಸರಿಯಾಗಿ ಬಜ್ಜಿ ಕೈಗೆ ಬಂದಾಗಲೇ.

ಬರಲಾಗದಿದ್ದರೆ?

ಹಿಂದಿನ ದಿನ ಸಂಜೆಯೊಳಗೆ ತಿಳಿಸಿದರೆ ಹಣ ವಾಪಸು, ಇಲ್ಲವೇ ಬೇರೆ ದಿನ. ಅದೇ ದಿನ ಹೇಳಿದರೆ ನಿಮ್ಮ ಪಾಲನ್ನು ಉಳಿದವರು ತಿನ್ನುತ್ತಾರೆ.

ಮನೆಯವರಿಗೆ ಕಟ್ಟಿಸಿಕೊಂಡು ಹೋಗಬಹುದೇ?

ಖೋವಾ ನಾನ್ ಕಟ್ಟಿಸಿ, ಮರುದಿನ ಬೆಳಿಗ್ಗೆ ಕಾವಲಿಯ ಮೇಲೆ ಸ್ವಲ್ಪ ಬಿಸಿ ಮಾಡಿದರೆ ಚೆನ್ನಾಗಿಯೇ ಇರುತ್ತದೆ. ಕಾಂಗ್ರೆಸ್ ಕಡಲೆಕಾಯಿ, ನಿಪ್ಪಟ್ಟು, ಕೋಡುಬಳೆ ಒಂದು ವಾರಕ್ಕೆ ಮೋಸವಿಲ್ಲ. ಬೇಕರಿ ರಾತ್ರಿ ಮುಚ್ಚುವ ಹೊತ್ತಿಗೆ ಖೋವಾ ನಾನ್ ಖಾಲಿಯಾಗಿರುವುದುಂಟು; ತಲುಪಿದ ಕೂಡಲೇ ಎಷ್ಟು ಬೇಕೆಂದು ನನಗೆ ಹೇಳಿಬಿಡಿ. ಮಸಾಲೆ ದೋಸೆಯನ್ನು ಮಾತ್ರ ಕಟ್ಟಿಸಬೇಡಿ. ಮನೆ ಮುಟ್ಟುವ ಹೊತ್ತಿಗೆ ಅದು ಒದ್ದೆ ಕರವಸ್ತ್ರವಾಗಿರುತ್ತದೆ, ಆಮೇಲೆ ಮನೆಯವರು "ಇದಕ್ಕೇ ಅಷ್ಟು ಹೊತ್ತು ಸಾಲಿನಲ್ಲಿ ನಿಂತೆಯಾ?" ಎಂದು ಕೇಳಿದರೆ ನನ್ನ ಹತ್ತಿರ ಉತ್ತರವಿಲ್ಲ.